ನಿಮ್ಮ ಕಲ್ಪನೆಯ ಲೋಕಕ್ಕೆ ಯಾವ ಕ್ಯಾಲೆಂಡರ್? ಸೂರ್ಯನದೋ, ಚಂದ್ರನದೋ, ಮಳೆಯದೋ, ಅರಸನದೋ

ಫ್ಯಾಂಟಸಿ ಕತೆ ಬರೆಯಲು ಕೂತವರು ಮೊದಲು ನಕ್ಷೆ ಬಿಡಿಸುತ್ತಾರೆ. ಬೆಟ್ಟ, ಹೊಳೆ, ಕೋಟೆ, ಗಡಿ ಎಲ್ಲ ಹಾಳೆ ಮೇಲೆ ಬರುತ್ತದೆ. ಮೂರನೇ ಅಧ್ಯಾಯದಲ್ಲಿ ಯಾವುದೋ ಪಾತ್ರ "ಜಾತ್ರೆ ಯಾವತ್ತು?" ಅಂತ ಕೇಳುತ್ತದೆ. ಅಲ್ಲಿ ಪೆನ್ನು ನಿಂತುಹೋಗುತ್ತದೆ. ಜನವರಿ ಅಂತ ಬರೆದರೆ ಕಟ್ಟಿದ ಲೋಕವೇ ಒಡೆಯುತ್ತದೆ. ಚೈತ್ರ ಅಂದರೆ ಓದುವವರ ಬಾಯಿಗೆ ಬೇವು ಬೆಲ್ಲ ಬರುತ್ತದೆ, ಮನಸ್ಸು ಸೀದಾ ತಮ್ಮ ಮನೆಗೆ ಹೋಗುತ್ತದೆ.

ನನಗೆ ಈ ಪಾಠ ಒಂದು ಕತೆಯಿಂದ ಸಿಕ್ಕಿತು. ಅದರಲ್ಲಿ ಒಬ್ಬ ಹುಡುಗಿ ಹುಣ್ಣಿಮೆ ರಾತ್ರಿ ಮನೆ ಬಿಟ್ಟು ಹೊರಡುತ್ತಾಳೆ. ಒಂಬತ್ತು ದಿನ ನಡೆದು ಹೊಳೆ ದಂಡೆ ಮುಟ್ಟುತ್ತಾಳೆ. ಅಲ್ಲೂ ಹುಣ್ಣಿಮೆ! ಓದಿದ ಗೆಳತಿಯೊಬ್ಬಳು ಅದನ್ನು ಪೆನ್ಸಿಲ್‌ನಲ್ಲಿ ಗುರುತು ಹಾಕಿ ಕೊಟ್ಟಳು. ನನಗೆ ಆ ಎರಡೂ ಬೆಳದಿಂಗಳು ಬೇಕಿತ್ತು, ಯಾವುದನ್ನೂ ಬಿಡಲು ಮನಸ್ಸಿರಲಿಲ್ಲ. ಅಲ್ಲಿಂದ ಶುರುವಾದ ಹುಡುಕಾಟದಲ್ಲಿ ಬೇರೆ ಬೇರೆ ಕತೆಗಳಿಗೆ, ಗೆಳೆಯರ ಜೊತೆ ಮೇಜಿನ ಸುತ್ತ ಕೂತು, ಒಬ್ಬೊಬ್ಬರು ಒಂದೊಂದು ಪಾತ್ರವಾಗಿ ಕತೆ ನಡೆಸುವ ರೋಲ್‌ಪ್ಲೇ ಆಟಕ್ಕೆ ಅಂತ ಹಲವು ಬಗೆಯ ಕ್ಯಾಲೆಂಡರ್ ಮಾಡಿ ನೋಡಿದ್ದೇನೆ. ಯಾವುದು ಎಲ್ಲಿಗೆ ಸರಿಹೋಗುತ್ತದೆ, ಯಾವುದು ಎಲ್ಲಿ ಕೈಕೊಡುತ್ತದೆ ಅನ್ನುವುದನ್ನು ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ಈ ಒಂದು ಪ್ರಶ್ನೆ

ವರ್ಷಕ್ಕೆ ಎಷ್ಟು ದಿನ, ತಿಂಗಳಿಗೆ ಏನು ಹೆಸರು ಅಂತ ತಲೆಕೆಡಿಸಿಕೊಳ್ಳುವ ಮೊದಲು ಇದನ್ನು ಕೇಳಿಕೊಳ್ಳಿ: ಆ ಊರಲ್ಲಿ ಇವತ್ತು ಯಾವ ದಿನ ಅಂತ ಯಾರು ಯಾರಿಗೆ ಹೇಳುತ್ತಾರೆ? ಪೂಜಾರಿ ಹೇಳುತ್ತಾನಾ? ತೆರಿಗೆ ಎತ್ತುವವನು ಹೇಳುತ್ತಾನಾ? ಅಥವಾ ಯಾರೂ ಹೇಳಬೇಕಾಗಿಲ್ಲ, ಆಕಾಶ ನೋಡಿದರೆ ಎಲ್ಲರಿಗೂ ಗೊತ್ತಾಗುತ್ತದಾ? ಈ ಉತ್ತರ ಸಿಕ್ಕರೆ ಮುಕ್ಕಾಲು ಕೆಲಸ ಮುಗಿಯಿತು. ತಾರೀಖು ಹೇಳುವ ಅಧಿಕಾರ ಯಾರ ಕೈಯಲ್ಲಿದೆಯೋ ಸಾಲದ ಗಡುವು, ಮದುವೆಯ ಮುಹೂರ್ತ, ಕಂದಾಯದ ಕಂತು ಎಲ್ಲ ಅವರ ಕೈಯಲ್ಲಿರುತ್ತದೆ. ಕತೆ ಹುಟ್ಟುವುದೂ ಅಲ್ಲೇ.

ಕನ್ನಡದಲ್ಲಿ ಬರೆಯುವವರಿಗೆ ಇನ್ನೊಂದು ಮಾತು. ನಮ್ಮ ಪದಗಳಲ್ಲೇ ಆಕಾಶ ಕೂತಿದೆ. ಹೊತ್ತು ಅಂದರೆ ಸಮಯವೂ ಹೌದು, ಸೂರ್ಯನೂ ಹೌದು. ಹೊತ್ತು ಮುಳುಗಿತು ಅನ್ನುತ್ತೇವಲ್ಲ. ತಿಂಗಳು ಅಂದರೆ ಚಂದ್ರ. ಬೆಳದಿಂಗಳಿನಲ್ಲಿ ಇರುವುದು ಅದೇ ತಿಂಗಳು. ವರ್ಷ ಅನ್ನುವ ಪದಕ್ಕೆ ಸಂಸ್ಕೃತದಲ್ಲಿ ಮಳೆ ಅಂತಲೂ ಅರ್ಥ. ಹಾಗಾದರೆ ಚಂದ್ರನೇ ಇಲ್ಲದ ಲೋಕದಲ್ಲಿ ನಿಮ್ಮ ಪಾತ್ರ "ಎರಡು ತಿಂಗಳು ಕಾಯಿ" ಅಂತ ಹೇಗೆ ಹೇಳಬೇಕು? ಇಬ್ಬರು ಚಂದ್ರರಿದ್ದರೆ ಸೋಮವಾರ ಯಾವ ಚಂದ್ರನ ವಾರ? ಒಂದು ಪದ ಬದಲಾದರೆ ಇಡೀ ಲೋಕದ ಬಣ್ಣ ಬದಲಾಗುತ್ತದೆ.

ಸೂರ್ಯನ ಕ್ಯಾಲೆಂಡರ್: ಲೆಕ್ಕ ಸುಲಭ, ಉಳಿಕೆ ದಿನಗಳೇ ರುಚಿ

ಆಟಕ್ಕೆ ಬೇಕು, ಜಾಸ್ತಿ ತಲೆನೋವು ಬೇಡ ಅನ್ನುವವರು ಇದನ್ನೇ ತಗೊಳ್ಳಿ. 12 ತಿಂಗಳು, ತಿಂಗಳಿಗೆ 30 ದಿನ, ಒಟ್ಟು 360. ಐದು ದಿನ ಉಳಿಯುತ್ತವೆ. ಈ ಉಳಿದ ಐದು ದಿನಗಳನ್ನು ಬೇರೆ ಬೇರೆ ಜನ ಏನು ಮಾಡಿದರು ನೋಡಿ. ಹಳೆಯ ಈಜಿಪ್ಟಿನವರು ಅವನ್ನು ಒಸಿರಿಸ್, ಹೋರಸ್, ಸೆತ್, ಐಸಿಸ್, ನೆಫ್ತಿಸ್ ಎಂಬ ದೇವರುಗಳು ಹುಟ್ಟಿದ ದಿನಗಳು ಅಂದರು. ಮಾಯಾ ಜನ 20 ದಿನಗಳ 18 ತಿಂಗಳು ಎಣಿಸುತ್ತಿದ್ದರು. ಅವರಿಗೂ ಐದೇ ದಿನ ಉಳಿಯುತ್ತಿತ್ತು, ಆದರೆ ಅವರು ಅವನ್ನು ಕೆಟ್ಟ ದಿನಗಳು ಅಂತ ಹೆದರಿದರು. ಇಥಿಯೋಪಿಯಾದಲ್ಲಿ ಇವತ್ತಿಗೂ ಅದು ಪಾಗುಮೆ ಎಂಬ ಪುಟ್ಟ ಹದಿಮೂರನೇ ತಿಂಗಳು, ಐದು ದಿನ, ಕೆಲವು ವರ್ಷ ಆರು. ಫ್ರಾನ್ಸಿನ ಕ್ರಾಂತಿಕಾರರು ಹಬ್ಬ ಮಾಡಿದರು. ಅದೇ ಐದು ದಿನ, ನಾಲ್ಕು ಬಗೆ. ನಿಮ್ಮ ಜನ ಏನು ಮಾಡುತ್ತಾರೆ? ಆ ಐದು ದಿನ ಸಾಲ ಕೇಳುವ ಹಾಗಿಲ್ಲ ಅಂತ ಇಡಿ, ಅಥವಾ ಆ ದಿನಗಳಲ್ಲಿ ಹುಟ್ಟಿದ ಮಗುವಿಗೆ ವಯಸ್ಸೇ ಎಣಿಸುವುದಿಲ್ಲ ಅಂತ ಇಡಿ. ಒಂದು ಅಧ್ಯಾಯ ತಾನಾಗಿ ಬರುತ್ತದೆ.

ತೊಂದರೆ ಏನೆಂದರೆ ವರ್ಷ ಸರಿಯಾಗಿ 365 ದಿನ ಇಲ್ಲ, ಸುಮಾರು 365.2422 ಇದೆ. ಈಜಿಪ್ಟಿನವರು ಬಹಳ ಕಾಲ ಅಧಿಕ ದಿನ ಸೇರಿಸಲೇ ಇಲ್ಲ. ಹಾಗಾಗಿ ನಾಲ್ಕು ವರ್ಷಕ್ಕೆ ಒಂದು ದಿನ ಜಾರುತ್ತಿತ್ತು, 120 ವರ್ಷಕ್ಕೆ ಒಂದು ತಿಂಗಳು. ನಿಮ್ಮ ಸಾಮ್ರಾಜ್ಯಕ್ಕೆ ಸಾವಿರ ವರ್ಷ ವಯಸ್ಸಾಗಿದ್ದರೆ ಇದನ್ನು ಬಿಡಬೇಡಿ. ಅರಮನೆಯವರು ಬಿತ್ತನೆ ಹಬ್ಬ ಮಾಡುತ್ತಿದ್ದಾರೆ, ಹೊರಗೆ ಹೊಲದಲ್ಲಿ ಕೊಯ್ಲು ನಡೆಯುತ್ತಿದೆ. ಆ ಒಂದು ಸಾಲಿನಲ್ಲೇ ರಾಜ್ಯ ಎಷ್ಟು ಹಳೆಯದು, ಎಷ್ಟು ಮೊಂಡು ಅಂತ ಗೊತ್ತಾಗುತ್ತದೆ, ಅಲ್ವಾ?

ಎರಡು ರಾಜ್ಯ ಎರಡು ಸೂರ್ಯ ಲೆಕ್ಕ ಇಟ್ಟುಕೊಂಡರೆ ಇನ್ನೂ ಚೆನ್ನ. ಯುರೋಪಿನಲ್ಲಿ 1582ರಲ್ಲಿ ಹಳೆಯ ಲೆಕ್ಕ ತಿದ್ದಿದಾಗ ಕೆಲವು ಕ್ಯಾಥೊಲಿಕ್ ದೇಶಗಳಲ್ಲಿ ಅಕ್ಟೋಬರ್ 4ರ ಮರುದಿನ 15 ಆಯಿತು. ಬ್ರಿಟನ್ ಒಪ್ಪಿದ್ದು 1752ರಲ್ಲಿ. ರಷ್ಯಾ 1918ರವರೆಗೂ ಹಳೆಯದನ್ನೇ ಹಿಡಿದುಕೊಂಡಿತ್ತು. 18ನೇ ಶತಮಾನದಲ್ಲಿ ಎರಡು ಲೆಕ್ಕದ ನಡುವೆ 11 ದಿನದ ಅಂತರ. ಅಂದರೆ ಪ್ರಷ್ಯಾದಿಂದ 20ನೇ ತಾರೀಖು ಹೊರಟ ಪತ್ರ ಮೂರು ದಿನಕ್ಕೆ ರಷ್ಯಾದ ಗಡಿ ದಾಟಿದರೆ ಅಲ್ಲಿ ಆಗ 12ನೇ ತಾರೀಖು. ಬರೆಯುವ ಮೊದಲೇ ತಲುಪಿದ ಪತ್ರ! ಮಾಟ ಮಂತ್ರ ಏನೂ ಬೇಡ, ಗಡಿ ಒಂದಿದ್ದರೆ ಸಾಕು.

ಬರೀ ಚಂದ್ರ: ಹಬ್ಬಗಳು ಋತುವಿನಿಂದ ಋತುವಿಗೆ ಸುತ್ತುತ್ತವೆ

ಹುಣ್ಣಿಮೆಯಿಂದ ಹುಣ್ಣಿಮೆಗೆ ಸರಾಸರಿ 29.53 ದಿನ. ಹನ್ನೆರಡು ಸಲ ಆದರೆ 354 ದಿನ, ಚೂರು ಜಾಸ್ತಿ. ಸೂರ್ಯನ ವರ್ಷಕ್ಕಿಂತ 11 ದಿನ ಕಡಿಮೆ. ಇದನ್ನು ಸರಿಮಾಡದೆ ಹಾಗೇ ಬಿಟ್ಟರೆ ತಿಂಗಳುಗಳು ಪ್ರತಿ ವರ್ಷ ಹಿಂದಕ್ಕೆ ಸರಿಯುತ್ತವೆ, ಸುಮಾರು 33 ವರ್ಷಕ್ಕೆ ಒಂದು ಸುತ್ತು ಮುಗಿಸುತ್ತವೆ. ಇಸ್ಲಾಮಿನ ಹಿಜರಿ ಲೆಕ್ಕ ಹೀಗೆ ನಡೆಯುತ್ತದೆ. ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಹಿಂದೂ ಮುಸ್ಲಿಮರು ಕೂಡಿ ಮಾಡುವ ಮೊಹರಂ ನೋಡಿದವರಿಗೆ ಇದು ಗೊತ್ತು. ಕೆಲವು ವರ್ಷ ಅಲಾಯಿ ಕುಣಿತ ಸುಡು ಬಿಸಿಲಲ್ಲಿ, ಕೆಲವು ವರ್ಷ ಕೆಸರಲ್ಲಿ, ಇನ್ನು ಕೆಲವು ವರ್ಷ ಚಳಿಯಲ್ಲಿ. ಒಬ್ಬ ಮನುಷ್ಯ ತನ್ನ ಬಾಳಿನಲ್ಲಿ ಒಂದೇ ಹಬ್ಬವನ್ನು ಎಲ್ಲ ಹವೆಯಲ್ಲೂ ಕಾಣುತ್ತಾನೆ. ಇದು ಬಹಳ ಚೆಂದದ ಸಂಗತಿ.

ಇಂಥ ಲೆಕ್ಕ ಮರುಭೂಮಿಯವರಿಗೆ, ಕಡಲಿನವರಿಗೆ, ರಾತ್ರಿ ಪಯಣ ಮಾಡುವ ವ್ಯಾಪಾರಿಗಳಿಗೆ ಒಪ್ಪುತ್ತದೆ. ಓದು ಬರಹ ಬೇಕಿಲ್ಲ, ತಲೆ ಎತ್ತಿ ನೋಡಿದರೆ ಆಯಿತು. ಉಳುವ ಜನರಿಗೆ ಇದೊಂದೇ ಸಾಲದು. ಬಿತ್ತುವ ತಿಂಗಳು ಹತ್ತು ವರ್ಷದಲ್ಲಿ ಮೂರು ತಿಂಗಳಿಗೂ ಜಾಸ್ತಿ ಹಿಂದೆ ಹೋದರೆ ರೈತ ಯಾರನ್ನು ನಂಬಬೇಕು? ಇನ್ನೊಂದು ವಿಷಯ ನೆನಪಿಡಿ. ಚಂದ್ರನನ್ನು ಕಣ್ಣಾರೆ ಕಂಡ ಮೇಲೇ ತಿಂಗಳು ಶುರು ಅಂತಾದರೆ ಹಬ್ಬ ನಾಳೆಯೋ ನಾಡಿದ್ದೋ ಅನ್ನುವುದು ಹಿಂದಿನ ಸಂಜೆಯವರೆಗೂ ಗೊತ್ತಿರುವುದಿಲ್ಲ. ಊರಿಗೆ ಊರೇ ಮಾಳಿಗೆ ಹತ್ತಿ ಮೋಡದ ಸಂದಿಯಲ್ಲಿ ಹುಡುಕುತ್ತಿರುತ್ತದೆ. ನಿಮ್ಮ ಕತೆಗೆ ಆ ಸಂಜೆ ಬೇಕಿದ್ದರೆ ಬೇರೆ ಯಾವ ಕ್ಯಾಲೆಂಡರೂ ಅದನ್ನು ಕೊಡಲಾರದು.

ಸೂರ್ಯ ಚಂದ್ರ ಎರಡೂ: ಲೆಕ್ಕ ಕಷ್ಟ, ಕತೆ ಸಮೃದ್ಧ

ನಮ್ಮ ಪಂಚಾಂಗ ಇದೇ ಜಾತಿಯದು. ತಿಂಗಳು ಚಂದ್ರನದು, ಆದರೆ ಸೂರ್ಯನಿಂದ ದೂರ ಹೋಗದ ಹಾಗೆ ಸುಮಾರು 32–33 ತಿಂಗಳಿಗೊಮ್ಮೆ ಒಂದು ಅಧಿಕ ಮಾಸ ಸೇರುತ್ತದೆ. ನಿಯಮ ಸರಳ. ಸೂರ್ಯ ಒಂದು ರಾಶಿಯಿಂದ ಇನ್ನೊಂದಕ್ಕೆ ದಾಟುವುದೇ ಸಂಕ್ರಾಂತಿ, ವರ್ಷಕ್ಕೆ ಹನ್ನೆರಡು. ಯಾವ ಚಾಂದ್ರ ಮಾಸದಲ್ಲಿ ಸಂಕ್ರಾಂತಿಯೇ ಬರುವುದಿಲ್ಲವೋ ಅದು ಅಧಿಕ. ಎರಡು ಸಂಕ್ರಾಂತಿ ಬಂದರೆ ಒಂದು ಮಾಸವೇ ಮಾಯ, ಅದು ಕ್ಷಯ ಮಾಸ. ಕ್ಷಯ ಬಹಳ ಅಪರೂಪ. 1963–64ರಲ್ಲಿ ಬಂದಿತ್ತು, ಆಮೇಲೆ 1982–83ರಲ್ಲಿ. 19 ವರ್ಷಕ್ಕೆ 235 ಚಾಂದ್ರ ಮಾಸ ಹೆಚ್ಚು ಕಡಿಮೆ ಸರಿಯಾಗಿ ಕೂರುತ್ತವೆ, ಅಂದರೆ 19 ವರ್ಷಕ್ಕೆ ಏಳು ಅಧಿಕ ಮಾಸ. ಈ ಲೆಕ್ಕ ಬ್ಯಾಬಿಲೋನಿನವರಿಗೂ ಗ್ರೀಕರಿಗೂ ಗೊತ್ತಿತ್ತು.

ಇದರಲ್ಲಿ ಕತೆ ಎಲ್ಲಿದೆ ಅಂದರೆ ಆ ಹದಿಮೂರನೇ ತಿಂಗಳಲ್ಲಿದೆ. ನಮ್ಮಲ್ಲಿ ಅಧಿಕ ಮಾಸದಲ್ಲಿ ಮದುವೆ ಮಾಡುವುದಿಲ್ಲ. ಉತ್ತರ ಕರ್ನಾಟಕದ ಹಲವು ಮನೆಗಳಲ್ಲಿ ಅಳಿಯನನ್ನು ಕರೆದು 33ರ ಲೆಕ್ಕದಲ್ಲಿ ತಿಂಡಿ ಬಾಗಿನ ಕೊಡುತ್ತಾರೆ. ಈಗ ನಿಮ್ಮ ಲೋಕಕ್ಕೆ ಬನ್ನಿ. ವರ್ಷಕ್ಕಿಷ್ಟು ಅಂತ ಕೂಲಿಗೆ ಒಪ್ಪಿಕೊಂಡ ಆಳು ಆ ವರ್ಷ 13 ತಿಂಗಳು ದುಡಿಯಬೇಕಾ? ಗುತ್ತಿಗೆ ಹೊಲ ಒಂದು ತಿಂಗಳು ಹೆಚ್ಚಿಗೆ ಇಟ್ಟುಕೊಳ್ಳಬಹುದಾ? ಅಧಿಕ ತಿಂಗಳು ಯಾವಾಗ ಅಂತ ಹೇಳುವವನು ಯಾರು? ರೋಮಿನಲ್ಲಿ ಆ ಅಧಿಕಾರ ಪುರೋಹಿತರ ಮಂಡಳಿಯ ಕೈಯಲ್ಲಿತ್ತು. ತಮಗೆ ಬೇಕಾದವರು ಅಧಿಕಾರದಲ್ಲಿದ್ದರೆ ವರ್ಷ ಉದ್ದ, ಬೇಡದವರಿದ್ದರೆ ಗಿಡ್ಡ, ಹೀಗೂ ನಡೆಯುತ್ತಿತ್ತು. ಕೊನೆಗೆ ಲೆಕ್ಕ ಎಷ್ಟು ಕೆಟ್ಟಿತೆಂದರೆ ಜೂಲಿಯಸ್ ಸೀಸರ್ ಅದನ್ನು ಸರಿಮಾಡಲು ಕ್ರಿ.ಪೂ. 46ನೇ ವರ್ಷವನ್ನು 445 ದಿನಕ್ಕೆ ಎಳೆಯಬೇಕಾಯಿತು. ಕತ್ತಿ ಹಿಡಿದ ಖಳನಾಯಕ ಎಲ್ಲ ಕತೆಯಲ್ಲೂ ಇರುತ್ತಾನೆ. ವರ್ಷ ಹಿಗ್ಗಿಸುವ ಖಳನಾಯಕನನ್ನು ಒಮ್ಮೆ ಬರೆದು ನೋಡಿ.

ಕಾದಂಬರಿಗೆ ನನ್ನ ಮೊದಲ ಆಯ್ಕೆ ಇದೇ. ಆಟದ ಮೇಜಿಗೆ ಮಾತ್ರ ಬೇಡ. ಆಡುವವರು ಪ್ರತಿ ಸಲ "ಇದು ಅಧಿಕ ವರ್ಷವಾ?" ಅಂತ ಕೇಳಿ ಕೇಳಿ ಆಟವೇ ನಿಲ್ಲುತ್ತದೆ. ನಮ್ಮ ಮೇಜಿನಲ್ಲಿ ಮೂರನೇ ವಾರಕ್ಕೆ ಅದನ್ನು ಕೈಬಿಟ್ಟು 30 ದಿನಗಳ ತಿಂಗಳಿಗೆ ಬಂದೆವು.

ಮಳೆ, ಹೂವು, ಹಸಿವು: ಅಂಕಿಯೇ ಇಲ್ಲದ ಕ್ಯಾಲೆಂಡರ್

ನಮ್ಮಜ್ಜಿಗೆ ತಾನು ಹುಟ್ಟಿದ ತಾರೀಖು ಗೊತ್ತಿರಲಿಲ್ಲ. "ಆರಿದ್ರಾ ಮಳೆ ಹಿಡ್ಕೊಂಡಿತ್ತಂತೆ, ಸೂಲಗಿತ್ತಿ ಹಳ್ಳ ದಾಟೋಕಾಗದೆ ಆಚೆ ದಡದಲ್ಲೇ ನಿಂತಿದ್ಲಂತೆ" ಅನ್ನುತ್ತಿದ್ದಳು. ಅಂದರೆ ಜೂನ್ ಕೊನೆ, ಜುಲೈ ಮೊದಲ ವಾರ. ಆಕೆಗೆ ಅಷ್ಟು ಸಾಕಾಗಿತ್ತು. ನನಗೆ ಈಗ ಅನ್ನಿಸುವುದು, ತಾರೀಖಿಗಿಂತ ಅದು ಜಾಸ್ತಿಯೇ ಹೇಳುತ್ತದೆ. ಹಳ್ಳ ತುಂಬಿತ್ತು, ಸೂಲಗಿತ್ತಿ ಆಚೆ ಇದ್ದಳು, ಒಳಗೆ ಒಬ್ಬಳು ನೋವು ತಿನ್ನುತ್ತಿದ್ದಳು.

ಮಳೆ ನಕ್ಷತ್ರದ ಲೆಕ್ಕ ಹೀಗೆ: ಸೂರ್ಯ 27 ನಕ್ಷತ್ರಗಳಲ್ಲಿ ಒಂದೊಂದರಲ್ಲೂ 13–14 ದಿನ ಇರುತ್ತಾನೆ. ಆ ಅವಧಿಯಲ್ಲಿ ಬೀಳುವ ಮಳೆಗೆ ಆ ನಕ್ಷತ್ರದ ಹೆಸರು. ರೋಹಿಣಿ, ಮೃಗಶಿರಾ, ಆರಿದ್ರಾ, ಪುನರ್ವಸು, ಪುಷ್ಯ, ಆಶ್ಲೇಷಾ, ಮಘೆ, ಹುಬ್ಬೆ ಅಂತ ಸಾಲು ಹೋಗುತ್ತದೆ. ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ ಅನ್ನುವ ಗಾದೆ ಈಗಲೂ ರೈತರ ಬಾಯಲ್ಲಿದೆ. ಗಾದೆಯಲ್ಲೇ ಕ್ಯಾಲೆಂಡರ್, ಬಿತ್ತನೆಯ ಸಲಹೆ, ಭಯ, ಆಸೆ ಎಲ್ಲ ಸೇರಿದೆ. ನಿಮ್ಮ ಲೋಕಕ್ಕೆ ಇಂಥ ನಾಲ್ಕು ಗಾದೆ ಕಟ್ಟಿ. ಹತ್ತು ಪುಟದ ವಿವರಣೆ ಉಳಿಯುತ್ತದೆ.

ತುಳುನಾಡಿನ ತಿಂಗಳುಗಳನ್ನೂ ನೋಡಿ: ಪಗ್ಗು, ಬೇಸ್ಯ, ಕಾರ್ತೆಲ್, ಆಟಿ, ಸೋಣ ಅಂತ ಶುರುವಾಗಿ ಸುಗ್ಗಿಗೆ ಮುಗಿಯುತ್ತವೆ. ಇವು ಸೂರ್ಯನ ತಿಂಗಳುಗಳೇ, ಆದರೆ ಜನರಿಗೆ ಅವು ಗೊತ್ತಿರುವುದು ಹೊಟ್ಟೆಯಿಂದ. ಆಟಿ ಅಂದರೆ ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗೆ. ಬಿಡದ ಮಳೆ, ಕೈಯಲ್ಲಿ ಕಾಸಿಲ್ಲ, ಕಾಯಿಲೆ ಜಾಸ್ತಿ. ಆಟಿ ಅಮಾವಾಸ್ಯೆಯ ದಿನ ಸೂರ್ಯ ಹುಟ್ಟುವ ಮೊದಲು ಹಾಲೆ ಮರದ ಹತ್ತಿರ ಹೋಗಿ, ಕಬ್ಬಿಣ ತಾಗಿಸದೆ ಕಲ್ಲಿನಿಂದ ಜಜ್ಜಿ ತೊಗಟೆ ತೆಗೆದು, ಕಷಾಯ ಮಾಡಿ ಮನೆಮಂದಿಯೆಲ್ಲ ಕುಡಿಯುತ್ತಾರೆ. ವಿಪರೀತ ಕಹಿ. ಆಟಿ ಕಳಂಜನ ವೇಷ ಹಾಕಿದವನು ಮನೆಮನೆಗೆ ಬಂದು ಮಾರಿ ಕಳೆಯುತ್ತಾನೆ. ಕೊಡಗಿನಲ್ಲಿ ಕಕ್ಕಡ ತಿಂಗಳ 18ನೇ ದಿನ, ಆಗಸ್ಟ್ 3ರ ಹೊತ್ತಿಗೆ, ಮದ್ದು ಸೊಪ್ಪಿನಲ್ಲಿ 18 ಬಗೆಯ ಔಷಧ ಸೇರಿರುತ್ತದೆ ಅನ್ನುವ ನಂಬಿಕೆ. ಅವತ್ತು ಅದರ ನೇರಳೆ ಬಣ್ಣದ ರಸದಲ್ಲಿ ಪಾಯಸ. ಒಂದು ತಿಂಗಳಿಗೆ ನಾಲಿಗೆ ಮೇಲೆ ನಿಲ್ಲುವ ರುಚಿ ಕೊಟ್ಟರೆ ಅದರ ಹೆಸರನ್ನು ಓದುಗರು ಮರೆಯುವುದಿಲ್ಲ.

ಈ ಬಗೆಯ ಕ್ಯಾಲೆಂಡರಿನ ಕೊರತೆಯೂ ಇದೆ. ಬೆಟ್ಟದ ಆಚೆಗೆ ಅದು ನಡೆಯುವುದಿಲ್ಲ, ಅಲ್ಲಿ ಮಳೆ ಬೇರೆ. ದೂರದ ಊರಿಗೆ ಪತ್ರ ಬರೆಯಲು, ಸೈನ್ಯ ಸೇರಿಸಲು ಬರುವುದಿಲ್ಲ. ಜೊತೆಗೆ ನಕ್ಷತ್ರದ ಲೆಕ್ಕ ಋತುವಿನಿಂದ ನಿಧಾನವಾಗಿ ದೂರ ಸರಿಯುತ್ತದೆ, 70 ವರ್ಷಕ್ಕೆ ಸುಮಾರು ಒಂದು ದಿನ. ಹಗಲು ನಿಜವಾಗಿ ಬೆಳೆಯಲು ಶುರುವಾಗುವುದು ಡಿಸೆಂಬರ್ 22ರ ಹೊತ್ತಿಗೆ, ನಾವು ಸಂಕ್ರಾಂತಿಯ ಎಳ್ಳು ಬೀರುವುದು ಜನವರಿ 14 ಅಥವಾ 15ಕ್ಕೆ. ಕಾರಣ ಇದೇ. ಮೂರು ಸಾವಿರ ವರ್ಷ ಹಳೆಯ ಗಾದೆಯನ್ನು ನಿಮ್ಮ ಪಾತ್ರಗಳು ನಂಬಿದರೆ ಅದು 40 ದಿನಕ್ಕೂ ಜಾಸ್ತಿ ತಪ್ಪಿರುತ್ತದೆ. ಹಳೆಯ ಗಾದೆ ಸುಳ್ಳಾಗುವ ವರ್ಷ ಹಳ್ಳಿಯಲ್ಲಿ ಏನಾಗುತ್ತದೆ, ಯೋಚಿಸಿ.

ಅರಸ ಹೇರಿದ ಕ್ಯಾಲೆಂಡರ್

ಕ್ರಾಂತಿ, ದಂಡಯಾತ್ರೆ, ಹೊಸ ಧರ್ಮ ಇರುವ ಕತೆಗೆ ಇದು ಬೇಕು. ಫ್ರಾನ್ಸಿನವರು 1793ರಲ್ಲಿ ಎಲ್ಲವನ್ನೂ ಹೊಸದು ಮಾಡಿದರು. ತಿಂಗಳಿಗೆ 30 ದಿನ, ವಾರಕ್ಕೆ ಹತ್ತು ದಿನ, ಹೆಸರುಗಳು ಹವೆಯಿಂದ ಬಂದವು: ಮಂಜಿಗೆ ಬ್ರುಮೇರ್, ಹಿಮಕ್ಕೆ ನಿವೋಸ್, ಮೊಳಕೆಗೆ ಜರ್ಮಿನಾಲ್. ಹೆಸರುಗಳು ಸೊಗಸು. ಆದರೆ ಪ್ಯಾರಿಸ್ಸಿನ ಹಿಮ ಅವರದೇ ಕೆರಿಬಿಯನ್ ದ್ವೀಪಗಳಲ್ಲಿ ಬೀಳುತ್ತದಾ? ಏಳು ದಿನಕ್ಕೊಮ್ಮೆ ಸಿಗುತ್ತಿದ್ದ ರಜೆ ಹತ್ತು ದಿನಕ್ಕೊಮ್ಮೆ ಆದರೆ ಕೂಲಿಯವನು ಒಪ್ಪುತ್ತಾನಾ? 1806ರ ಜನವರಿ 1ಕ್ಕೆ ನೆಪೋಲಿಯನ್ ಅದನ್ನು ಮುಗಿಸಿದ. ಸೋವಿಯತ್ ಒಕ್ಕೂಟ 1929ರಲ್ಲಿ ಐದು ದಿನಗಳ ವಾರ ತಂದು, ಕೆಲಸಗಾರರನ್ನು ಬಣ್ಣಗಳ ಗುಂಪು ಮಾಡಿ, ಒಂದೊಂದು ಬಣ್ಣಕ್ಕೆ ಒಂದೊಂದು ದಿನ ರಜೆ ಕೊಟ್ಟಿತು. ಕಾರ್ಖಾನೆ ನಿಲ್ಲಬಾರದು ಅನ್ನುವುದು ಉದ್ದೇಶ. ಗಂಡನದು ಒಂದು ಬಣ್ಣ, ಹೆಂಡತಿಯದು ಇನ್ನೊಂದು ಬಣ್ಣವಾದರೆ ಇಬ್ಬರೂ ಒಂದೇ ದಿನ ಮನೆಯಲ್ಲಿರುವ ಹಾಗೇ ಇಲ್ಲ. 1940ಕ್ಕೆ ಏಳು ದಿನದ ವಾರಕ್ಕೇ ವಾಪಸ್ ಬಂದರು. ಈ ಗಂಡ ಹೆಂಡತಿಯನ್ನು ನಿಮ್ಮ ಕತೆಯ ಗಣಿಯಲ್ಲಿ ದುಡಿಯಲು ಹಾಕಿ ನೋಡಿ. ರಾಜ ಕ್ರೂರಿ ಅಂತ ಬೇರೆ ಬರೆಯಬೇಕಾಗಿಲ್ಲ.

ನಮ್ಮ ದೇಶದ ಉದಾಹರಣೆ ಮೆತ್ತಗಿನದು. ವಿಜ್ಞಾನಿ ಮೇಘನಾದ ಸಹಾ ಅವರ ಸಮಿತಿಯ ಶಿಫಾರಸಿನ ಮೇಲೆ 1957ರ ಮಾರ್ಚ್ 22ರಿಂದ ರಾಷ್ಟ್ರೀಯ ಶಕ ಕ್ಯಾಲೆಂಡರ್ ಬಂತು. ಲೆಕ್ಕ ಅಚ್ಚುಕಟ್ಟು, ಋತುವಿನಿಂದ ಜಾರುವುದಿಲ್ಲ. ಅದು ಗೆಜೆಟ್‌ನಲ್ಲಿದೆ. ಮನೆಗಳಲ್ಲಿ ಹಬ್ಬ ಮಾಡಲು ಜನ ಹಳೆಯ ಪಂಚಾಂಗವನ್ನೇ ನೋಡಿದರು. ಸರಿಯಾದ ಲೆಕ್ಕ ಗೆಲ್ಲುತ್ತದೆ ಅಂತ ನಿಮ್ಮ ಲೋಕದಲ್ಲೂ ಅಂದುಕೊಳ್ಳಬೇಡಿ. ಹಬ್ಬದ ಅಡುಗೆ ಯಾವ ಲೆಕ್ಕದಲ್ಲಿ ಬೇಯುತ್ತದೋ ಆ ಲೆಕ್ಕ ಉಳಿಯುತ್ತದೆ.

ವಾರ ಮತ್ತು ಸುತ್ತುವ ವರ್ಷಗಳು

ವಾರದ ಉದ್ದವನ್ನು ಸಂತೆಯಿಂದ ನಿರ್ಧರಿಸಿ. ಜಾವಾದಲ್ಲಿ ಐದು ದಿನಗಳ ಸಂತೆ ವಾರ ಇದೆ, ನೈಜೀರಿಯಾದ ಇಗ್ಬೊ ಜನರಲ್ಲಿ ನಾಲ್ಕು ದಿನಗಳದು, ಹಳೆಯ ರೋಮಿನಲ್ಲಿ ಎಂಟು. ಸೊಪ್ಪು ಎಷ್ಟು ದಿನ ಬಾಡದೆ ಇರುತ್ತದೆ, ಸಂತೆಗೆ ಎಷ್ಟು ದೂರ ನಡೆಯಬೇಕು ಅಂತ ಕೇಳಿಕೊಂಡರೆ ನಿಮ್ಮ ವಾರ ಸಿಗುತ್ತದೆ. ಜಾವಾದವರು ಐದರ ವಾರವನ್ನೂ ಏಳರ ವಾರವನ್ನೂ ಒಟ್ಟಿಗೆ ಎಣಿಸುತ್ತಾರೆ, ಒಂದೇ ಜೋಡಿ ಮತ್ತೆ ಬರಲು 35 ದಿನ. ಮಾಯಾ ಜನರ 260 ದಿನದ ಚಕ್ರವೂ 365 ದಿನದ ವರ್ಷವೂ ಹೀಗೇ ಹಲ್ಲಿಗೆ ಹಲ್ಲು ಕೂತು ತಿರುಗುತ್ತಿದ್ದವು. ಎರಡೂ ಮೊದಲ ಜಾಗಕ್ಕೆ ಬರಲು 52 ವರ್ಷ ಬೇಕು. ಜೋತಿಷ್ಯ, ಭವಿಷ್ಯವಾಣಿ, ಶಾಪ ಇರುವ ಕತೆಗೆ ಚಕ್ರಗಳಷ್ಟು ಒಳ್ಳೆಯದು ಇನ್ನೊಂದಿಲ್ಲ.

ವರ್ಷಕ್ಕೆ ಅಂಕಿಯ ಬದಲು ಹೆಸರು ಕೊಡುವುದು ನನಗೆ ಬಹಳ ಇಷ್ಟ. ನಮ್ಮ 60 ಸಂವತ್ಸರಗಳು ಪ್ರಭವದಿಂದ ಅಕ್ಷಯದವರೆಗೆ ಇವೆ. 1987ರ ಯುಗಾದಿಗೆ ಪ್ರಭವ ಶುರುವಾಗಿತ್ತು, 2025ರ ಯುಗಾದಿಗೆ ವಿಶ್ವಾವಸು. ಮತ್ತೆ ಪ್ರಭವ ಬರುವುದು 2047ಕ್ಕೆ. ಹೀಗೆ ಎಣಿಸಿದರೆ ಮನುಷ್ಯ ತಾನು ಹುಟ್ಟಿದ ವರ್ಷವನ್ನು ಅರವತ್ತಕ್ಕೆ ಮತ್ತೆ ಭೇಟಿಯಾಗುತ್ತಾನೆ. ತೊಡಕೂ ಇದೆ. ಶಾಸನದಲ್ಲಿ ಬರೀ ಸಂವತ್ಸರದ ಹೆಸರಿದ್ದರೆ ಅದು ಯಾವ ಸುತ್ತಿನದು ಅಂತ ಗೊತ್ತಾಗುವುದಿಲ್ಲ. ನಿಧಿಯ ಓಲೆ ಸಿಗುವ ಕತೆಗೆ ಆ ತೊಡಕೇ ಬೀಗದ ಕೈ.

ಇಬ್ಬರು ಚಂದ್ರರನ್ನು ಇಡುವುದಾದರೆ

ಫ್ಯಾಂಟಸಿ ಅಂದಮೇಲೆ ಎರಡು ಚಂದ್ರ ಇಡುವ ಆಸೆ ಎಲ್ಲರಿಗೂ ಬರುತ್ತದೆ. ಸುಮ್ನೆ ಆಕಾಶದ ಅಲಂಕಾರಕ್ಕೆ ಇಡಬೇಡಿ, ಲೆಕ್ಕಕ್ಕೆ ಇಡಿ. ನಾನು ಮಾಡಿದ್ದನ್ನೇ ತೋರಿಸುತ್ತೇನೆ.

ನನ್ನ ಲೋಕದಲ್ಲಿ ಜನ ಚಂದ್ರರನ್ನು ಅಕ್ಕ, ತಂಗಿ ಅಂತ ಕರೆಯುತ್ತಾರೆ. ಅಕ್ಕನ ಹುಣ್ಣಿಮೆ 30 ದಿನಕ್ಕೊಮ್ಮೆ, ತಂಗಿಯದು 42 ದಿನಕ್ಕೊಮ್ಮೆ. ಇಬ್ಬರದೂ ಒಂದೇ ರಾತ್ರಿ ಹುಣ್ಣಿಮೆ ಆದರೆ ಜೋಡಿ ಹುಣ್ಣಿಮೆ, ಅದು 210 ದಿನಕ್ಕೊಮ್ಮೆ. ಬರೆದು ನೋಡಿದಾಗ ಗೊತ್ತಾಗಿದ್ದು, ಸರಿಯಾಗಿ ನಡುವೆ, 105ನೇ ದಿನ, ಅಕ್ಕ ಮೂರೂವರೆ ಸುತ್ತು ಮುಗಿಸಿರುತ್ತಾಳೆ, ತಂಗಿ ಎರಡೂವರೆ. ಅಂದರೆ ಇಬ್ಬರದೂ ಅಮಾವಾಸ್ಯೆ. ನಾನಾಗಿ ಕಟ್ಟದೆಯೇ ಒಂದು ಕಗ್ಗತ್ತಲ ರಾತ್ರಿ ಸಿಕ್ಕಿತು. ಆ ರಾತ್ರಿ ಊರಲ್ಲಿ ಯಾರೂ ದೀಪ ಆರಿಸುವುದಿಲ್ಲ, ಕಳ್ಳರು ಮಾತ್ರ ತಮ್ಮ ದೇವರಿಗೆ ಪೂಜೆ ಮಾಡುತ್ತಾರೆ.

ಹೊಸ ವರ್ಷ ಸೂರ್ಯನದು, ಬೆಟ್ಟದ ಸೀಳಿನಲ್ಲಿ ಸೂರ್ಯ ಹುಟ್ಟುವ ದಿನ. ವರ್ಷಕ್ಕೆ 420 ದಿನ ಇಟ್ಟಿದ್ದರೆ ಎಲ್ಲ ಸರಿಯಾಗಿ ಕೂರುತ್ತಿತ್ತು: ಅಕ್ಕನಿಗೆ 14 ತಿಂಗಳು, ತಂಗಿಗೆ 10. ಆದರೆ ಅಷ್ಟು ಸರಿಯಾದರೆ ಕತೆ ಸಾಯುತ್ತದೆ. ಮೂರು ದಿನ ಜಾಸ್ತಿ ಇಟ್ಟು 423 ಮಾಡಿದೆ. ಆಗ ಹತ್ತು ವರ್ಷಕ್ಕೆ 30 ದಿನ ಮಿಗುತ್ತದೆ, ಅಕ್ಕನಿಗೆ ಒಂದು ಅಧಿಕ ತಿಂಗಳು. ಜೋಡಿ ಹುಣ್ಣಿಮೆ ಪ್ರತಿ ವರ್ಷ ಮೂರು ದಿನ ಹಿಂದೆ ಸರಿಯುತ್ತದೆ. ಅದು ಮತ್ತೆ ಹೊಸ ವರ್ಷದ ದಿನವೇ ಬೀಳಲು ಸರಿಯಾಗಿ 70 ವರ್ಷ ಬೇಕು. ಒಂದು ಬಾಳಿಗೆ ಒಂದೇ ಸಲ. ಹುಟ್ಟಿದಾಗ ಕಂಡವರು ಮತ್ತೆ ಕಾಣುವಷ್ಟು ಬದುಕಿದರೆ ಊರು ಅವರನ್ನು ಹೊತ್ತು ಮೆರೆಸುತ್ತದೆ. ಆ ಮುದುಕಿ ಪಾತ್ರ ಲೆಕ್ಕದ ಹಾಳೆಯಿಂದಲೇ ಎದ್ದು ಬಂದಳು.

ಒಂದು ಎಚ್ಚರಿಕೆ. ವರ್ಷ ಉದ್ದವಾದರೆ ವಯಸ್ಸಿನ ಲೆಕ್ಕವೂ ಬದಲಾಗುತ್ತದೆ. ನನ್ನ ಲೋಕದ ಹದಿನಾರರ ಹುಡುಗಿ ನಮ್ಮ ಲೆಕ್ಕದಲ್ಲಿ ಹದಿನೆಂಟೂವರೆ. ಮಂಗಳ ಗ್ರಹದಂತೆ 687 ದಿನದ ವರ್ಷ ಇಟ್ಟರೆ ಹತ್ತು ವರ್ಷದ ಮಗು ಅಂತ ನೀವು ಬರೆದದ್ದು ಹತ್ತೊಂಬತ್ತರ ಹತ್ತಿರ ಇರುತ್ತದೆ.

ಹಾಗಾದರೆ ಯಾವುದು?

ಆಟಕ್ಕೆ ಸೂರ್ಯನ 30 ದಿನದ ತಿಂಗಳು, ಐದು ಉಳಿಕೆ ದಿನ. ಹಳ್ಳಿಯೊಳಗೇ ನಡೆಯುವ ಸಣ್ಣ ಕತೆಗೆ ಮಳೆಯ ಲೆಕ್ಕ, ಅಂಕಿಯೇ ಬೇಡ. ಪಯಣದ ಕತೆಗೆ ಚಂದ್ರ. ದೊಡ್ಡ ಕಾದಂಬರಿಗೆ ಎರಡು ಕ್ಯಾಲೆಂಡರ್ ಇಡಿ, ಒಂದು ಅರಮನೆಯದು, ಒಂದು ಹೊಲದ್ದು. ಇದು ಕೃತಕ ಅನ್ನಿಸಿದರೆ ನಿಮ್ಮ ಅಡುಗೆಮನೆ ಗೋಡೆ ನೋಡಿ. ಅಲ್ಲಿ ದಪ್ಪ ಅಕ್ಷರದಲ್ಲಿ ಇಂಗ್ಲಿಷ್ ತಾರೀಖು, ಪಕ್ಕದಲ್ಲಿ ತಿಥಿ, ನಕ್ಷತ್ರ, ಕೆಳಗೆ ರಾಹುಕಾಲ, ಮೂಲೆಯಲ್ಲಿ ಉರುಸಿನ ದಿನ, ಎಲ್ಲದರ ಮೇಲೆ ನೀಲಿ ಪೆನ್ನಿನಲ್ಲಿ ಹಾಲಿನ ಲೆಕ್ಕ, ಗ್ಯಾಸ್ ಬಂದ ದಿನ. ಒಂದೇ ಹಾಳೆಯಲ್ಲಿ ನಾಲ್ಕೈದು ಕಾಲ ಒಟ್ಟಿಗೆ ಸಂಸಾರ ಮಾಡುತ್ತಿವೆ. ಓದುಗರಿಗೆ ಮಾತ್ರ ಅಷ್ಟೂ ಹೇರಬೇಡಿ. ಮೂರು ಹೆಸರು ಸಾಕು: ಒಂದು ಹಬ್ಬ, ಒಂದು ಕಷ್ಟದ ತಿಂಗಳು, ಒಂದು ಸಂತೆಯ ದಿನ. ಉಳಿದದ್ದು ನಿಮ್ಮ ನೋಟ್‌ಬುಕ್ಕಿನಲ್ಲಿರಲಿ.

ನನ್ನ ಹುಡುಗಿಯ ಕತೆಯನ್ನು ಈಗ ತಿದ್ದಿದ್ದೇನೆ. ಜೋಡಿ ಹುಣ್ಣಿಮೆ ಕಳೆದ 30ನೇ ದಿನ, ಅಕ್ಕನ ಬೆಳದಿಂಗಳಲ್ಲಿ ಅವಳು ಮನೆ ಬಿಡುತ್ತಾಳೆ. ಒಂಬತ್ತು ದಿನದ ನಡಿಗೆಗೆ ಮೂರು ದಿನ ಸೇರಿಸಿದೆ, ದಾರಿಯಲ್ಲಿ ಒಂದು ಸಂತೆ ಬಂತು, ಕಾಲಿಗೆ ಮುಳ್ಳು ಚುಚ್ಚಿತು. 42ನೇ ರಾತ್ರಿ ಹೊಳೆ ದಂಡೆಗೆ ಬರುತ್ತಾಳೆ. ಅಕ್ಕ ಅಷ್ಟರಲ್ಲಿ ಸವೆದು ಗೀರಿನಷ್ಟಾಗಿದ್ದಾಳೆ, ಬೆಳಗಿನ ಜಾವಕ್ಕೇ ಏಳುವುದು. ನೀರಿನ ಮೇಲೆ ತಂಗಿಯ ಹುಣ್ಣಿಮೆ ಇದೆ.